ಸಿಂಕಿಗೆ ಸುರಿದ ಮೊಟ್ಟೆ

ರೀ,

ಎದ್ದ ತಕ್ಷಣ ಚಿಕ್ಕವಳಿಗೆ ತಿಂಡಿ ಕೊಡಿ. ಬೆಳಿಗ್ಗೆಯಿಂದ ಏನೂ ತಿಂದಿಲ್ಲ. ತಪ್ಪು ನನ್ನದು.

"ಇವತ್ತು ಮೊಟ್ಟೆ ನಾನೇ ಒಡೀತೀನಿ" ಎಂದು ಸ್ಟೂಲ್ ಹತ್ತಿದ್ದಳು. ಒಡೆದಳು. ಬಟ್ಟಲಿಗೆ ಎರಡು ಚೂರು ಚಿಪ್ಪೂ ಬಿತ್ತು. ಚಮಚದಲ್ಲಿ ತೆಗೆದಿದ್ದರೆ ಮುಗಿದುಹೋಗುತ್ತಿತ್ತು. ನಾನು ಲ್ಯಾಬಿನಲ್ಲಿ ಹೇಳುವ ಹಾಗೆ "ಸ್ಯಾಂಪಲ್ ರಿಜೆಕ್ಟ್" ಎಂದು ಅಷ್ಟನ್ನೂ ಸಿಂಕಿಗೆ ಸುರಿದುಬಿಟ್ಟೆ. ದೊಡ್ಡವನು ಹೊಟ್ಟೆ ಹಿಡಿದುಕೊಂಡು ನಕ್ಕ. ಅವಳು ಅಳಲಿಲ್ಲ. ಮೆಲ್ಲಗೆ ಇಳಿದು, "ನಂಗೆ ಹಸಿವಿಲ್ಲಮ್ಮ, ನೀನೇ ಸರಿಯಾಗಿ ಮಾಡ್ಕೋ" ಎಂದು ಕೋಣೆಗೆ ಹೋದಳು. ಟೋಸ್ಟ್ ಮುಟ್ಟಲೂ ಇಲ್ಲ.

ನನ್ನ ಬಸ್ಸಿಗೆ ಇನ್ನೂ ಹತ್ತು ನಿಮಿಷ ಇದೆ. ಅವಳ ಬಾಗಿಲು ತಟ್ಟುವ ಬದಲು ಇಲ್ಲಿ ಕೂತು ನಿಮಗೆ ಬರೆಯುತ್ತಿದ್ದೇನೆ. ಆರು ವರ್ಷದವಳಿಗೆ ಮುಖ ತೋರಿಸಲು ನಾಚಿಕೆಯಾಗುತ್ತಿದೆ.

ಫ್ರಿಜ್‌ನಲ್ಲಿ ಮೂರು ಮೊಟ್ಟೆ ಇವೆ. ಒಡೆಯಲು ಅವಳ ಕೈಗೇ ಕೊಡಿ. ಪಕ್ಕದಲ್ಲಿ ನಿಂತು ಹೇಳಿಕೊಡಬೇಡಿ. ಒಲೆ ಮಾತ್ರ ನೀವು ಹಚ್ಚಿ. ದೊಡ್ಡವನು ನಕ್ಕರೆ ಹೊರಗೆ ಕಳಿಸಿ, ಆದರೆ ಬೈಯಬೇಡಿ. ಪಾಪ, ಅವನು ನನ್ನನ್ನು ನೋಡಿಯೇ ಕಲಿತದ್ದು.

"ಅಮ್ಮನಿಗೆ ಕೆಲಸದ ಒತ್ತಡ" ಎಂದು ನನ್ನ ಪರ ವಕಾಲತ್ತು ಬೇಡ.

ಒಂದು ಮೊಟ್ಟೆ ಉಳಿಸಿ. ಸಂಜೆ ಬಂದು, "ನಂಗೊಂದು ಮಾಡ್ಕೊಡ್ತೀಯಾ?" ಎಂದು ನಾನೇ ಕೇಳುತ್ತೇನೆ. ಅವಳು ಆಗಲ್ಲ ಅಂದರೆ ಬಲವಂತ ಮಾಡಬೇಡಿ.