ಅಮ್ಮನ ಕಪಾಟು ಮುಟ್ಟಬೇಡ

ಪುಟ್ಟಿ,

ಅಮ್ಮನನ್ನು ಕರೆತರಲು ಆಸ್ಪತ್ರೆಗೆ ಹೊರಟಿದ್ದೇನೆ. ಹಾಲು ಕಾಯಿಸಿಡು. ಅವಳ ಮಂಚವನ್ನು ಓದುವ ಕೋಣೆಗೆ ಎಳೆದುಹಾಕು.

ವಿಕ್ಟೋರಿಯನ್ ಕಾದಂಬರಿಗಳು, ವಿಮರ್ಶಾ ಸಿದ್ಧಾಂತದ ಪುಸ್ತಕಗಳು ಎಲ್ಲವನ್ನೂ ಅಟ್ಟಕ್ಕೆ ಹಾಕೋಣ ಅಂದೆಯಲ್ಲ, ಒಂದನ್ನೂ ಮುಟ್ಟಬೇಡ. ಜೀವಮಾನವಿಡೀ ಅವನ್ನೇ ಪಾಠ ಮಾಡಿದವಳು. ಕಪಾಟು ಖಾಲಿ ಕಂಡರೆ ಬಾಗಿಲಲ್ಲೇ ಎಲ್ಲ ಗೊತ್ತಾಗಿಬಿಡುತ್ತದೆ.

ನಿನ್ನೆ ಅವಳೇ ಬರೆದ ಪುಸ್ತಕವನ್ನು ಕೈಗಿಟ್ಟೆ. ಬಹಳ ಹೊತ್ತು ಪುಟ ತಿರುವಿ, “ಅಕ್ಷರ ಎಲ್ಲಾ ಇರುವೆ ಥರ ಹರೀತಿವೆ ಕಣ್ರೀ, ಕನ್ನಡಕ ಬದಲಾಯಿಸ್ಬೇಕು” ಅಂದಳು. ನಾನು ಹೂಂ ಅಂದೆ. ಪಾರ್ಶ್ವವಾಯು ಅವಳ ಓದನ್ನು ಕಿತ್ತುಕೊಂಡಿದೆ, ಅದು ಮರಳುವುದಿಲ್ಲ ಎಂದು ಡಾಕ್ಟರು ಹೇಳಿದ್ದನ್ನು ಅವಳಿಗಿನ್ನೂ ತಿಳಿಸಿಲ್ಲ. ಇವತ್ತು ಇಬ್ಬರೂ ಪಕ್ಕದಲ್ಲಿ ಕೂತು ಹೇಳೋಣ.

ಅಳುವುದಿದ್ದರೆ ನಾವು ಬರುವ ಮೊದಲೇ ಅತ್ತುಬಿಡು. ನಾನು ಬಸ್ಸಿನಲ್ಲಿ ಮುಗಿಸಿಕೊಳ್ಳುತ್ತೇನೆ.

ಅಪ್ಪ