ಕುಣಿಯುವ ಮೊದಲೇ ಪನ್ನೀರು

ಸ್ಯಾಂಡ್ರಿಂಗಮ್, ಆಕ್ಲೆಂಡ್
೬ ಅಕ್ಟೋಬರ್ ೨೦೨೪, ಭಾನುವಾರ

ಚಿರಂಜೀವಿ ಅಪೂರ್ವಾಳಿಗೆ ಅಮ್ಮನ ಆಶೀರ್ವಾದ, ಜೊತೆಗೊಂದು ತಾಲೋಫಾ.

ಬೆಚ್ಚಬೇಡ. ನಿನ್ನ ಸೆಮುವಿನ ದ್ವೀಪದ ಟುವಾಲು ಭಾಷೆಯಲ್ಲಿ ತಾಲೋಫಾ ಅಂದರೆ ನಮಸ್ಕಾರ ಎಂದು ನನಗೂ ಗೊತ್ತು. ಫೋನಿನಲ್ಲಿ ಹೇಳಿದರೆ ನಡುನಡುವೆ ಬಾಯಿ ಹಾಕುತ್ತೀಯ, ಅದಕ್ಕೇ ಕಾಗದ. ಏಳನೇ ಕ್ಲಾಸಿನವರೆಗೆ ಮೈಸೂರಿನಲ್ಲಿ ಕನ್ನಡ ಕಲಿತವಳು, ತಿಣುಕಿಕೊಂಡಾದರೂ ಓದು.

ಸೆಮುವನ್ನು ಮದುವೆಯಾಗಬೇಕು, ಆದರೆ ಅವನ ತಾಯಿ ಹೂಂ ಅನ್ನದೆ ಅವನು ಮುಂದುವರಿಯುವುದಿಲ್ಲ ಎಂದು ಕ್ರೈಸ್ಟ್‌ಚರ್ಚಿನಿಂದ ಫೋನ್ ಮಾಡಿ ಅತ್ತಿದ್ದೆಯಲ್ಲ, ಆ ವಾರವೇ ನಾನು ಇಲ್ಲೇ ಹೆಂಡರ್ಸನ್ ಬಡಾವಣೆಯ ಟುವಾಲು ತರಗತಿಗೆ ಸೇರಿದೆ. ನಿನಗೆ ಹೇಳಲಿಲ್ಲ. ನಿಮ್ಮಪ್ಪ, "ಅರವತ್ತಾದ್ಮೇಲೆ ಹೊಸ ಭಾಷೆ ಯಾಕೇ ನಿಂಗೆ? ಇಂಗ್ಲಿಷೇ ನೆಟ್ಟಗೆ ಬರಲ್ಲ" ಎಂದರು. ಹಾಗೆಂದವರೇ ಪ್ರತಿ ಶನಿವಾರ ಕಾರಿನಲ್ಲಿ ಬಿಟ್ಟು ಬಂದರು.

ಭಾಷೆ ಹಿಡಿಸಿತು ಕಣೇ. ಅವರ ಪದಗಳೆಲ್ಲ ಸ್ವರದಲ್ಲೇ ಮುಗಿಯುತ್ತವೆ. ಬಸ್ಸು, ಕಾರು, ಬ್ಯಾಂಕು ಎನ್ನುವ ನಾಲಿಗೆಗೆ ಅದೇನು ಕಷ್ಟ? ವ್ಯಾಕರಣದಲ್ಲಿ ಮಾತ್ರ ಮುಗ್ಗರಿಸಿದೆ. ನಾನು ಮೀನು, ಮಾಂಸ ಮುಟ್ಟುವುದಿಲ್ಲ ಎಂದು ತಿಳಿದ ಮೇಲೆ ಟೀಚರ್ ನನಗೆಂದೇ ತೆಂಗಿನ ಹಾಲಿನಲ್ಲಿ ಬೇಯಿಸಿದ ಗೆಡ್ಡೆ ತರುತ್ತಿದ್ದರು. ಪಾಠಕ್ಕಿಂತ ಅದರ ಆಸೆಗೆ ಹೋದ ದಿನವೂ ಉಂಟು.

ನಿನ್ನೆ ಟುವಾಲು ಭಾಷಾ ವಾರದ ಔತಣ. ಸೆಮುವಿನ ತಾಯಿ ಲೋಸಾ ಬರುತ್ತಾರೆಂದು ಗೊತ್ತಿತ್ತು. ಟುವಾಲು ಜನರ ಕುಣಿತಕ್ಕೆ ಫಾತೆಲೆ ಎನ್ನುತ್ತಾರೆ. ಮರದ ಪೆಟ್ಟಿಗೆ ಬಡಿಯುತ್ತಾ ಒಂದೇ ಹಾಡನ್ನು ಮತ್ತೆ ಮತ್ತೆ, ಪ್ರತಿ ಸಲ ಇನ್ನಷ್ಟು ವೇಗವಾಗಿ ಹಾಡುತ್ತಾರೆ. ಸುಗಂಧ ಚಿಮುಕಿಸುವ ರೂಢಿಯಿದೆ ಎಂದು ಟೀಚರ್ ಹೇಳಿದ್ದರು. ಯಾರ ಮೇಲೆ, ಯಾವಾಗ ಎಂದು ನಾನು ಕೇಳಲೇ ಇಲ್ಲ. ನಮಗೆ ಪನ್ನೀರು ಚಿಮುಕಿಸಲು ಬೇರೆ ಹೇಳಿಕೊಡಬೇಕೇ? ಬೆಳ್ಳಿಯ ಪನ್ನೀರುದಾನಿ ತುಂಬಿಸಿಕೊಂಡು ಹೋಗಿ ಬಾಗಿಲಲ್ಲಿ ನಿಂತೆ. ಬಂದ ಹಿರಿಯರಿಗೆಲ್ಲ ಮದುವೆ ಮನೆಯ ಹಾಗೆ ಚಿಮುಕಿಸಿದೆ. ಲೋಸಾ ಅವರನ್ನು ನೀನು ಕಳಿಸಿದ್ದ ಫೋಟೋದಿಂದ ಗುರುತು ಹಿಡಿದು, ಅಪೂರ್ವಾಳ ಅಮ್ಮ ಎಂದು ಹೇಳಿಕೊಂಡು, ಎರಡು ಪಾಲು ಹಾಕಿದೆ.

ಜನ ಬಿದ್ದು ಬಿದ್ದು ನಕ್ಕರು. ಕುಣಿಯುತ್ತಿರುವವರ ಮೇಲೆ ಮೆಚ್ಚಿ ಚಿಮುಕಿಸುವುದಂತೆ ಅದು! ಒಬ್ಬ ಅಜ್ಜ ತಲೆ ಒರೆಸಿಕೊಂಡು, ಮೆಚ್ಚುಗೆ ಮೊದಲೇ ಸಿಕ್ಕಾಯಿತು, ಇನ್ನು ಕುಣಿಯದಿದ್ದರೆ ಮರ್ಯಾದೆಯಲ್ಲ ಎಂದು ಎದ್ದೇಬಿಟ್ಟರು. ಅವರ ಹಿಂದೆ ಇನ್ನಿಬ್ಬರು. ಭೂಮಿ ಬಾಯಿ ಬಿಡಬಾರದೇ ಅನ್ನಿಸಿತು ನನಗೆ. ಮಗಳ ಮದುವೆಯನ್ನು ನಾನೇ ಕೆಡಿಸಿದೆನಲ್ಲ ಎಂದು ಕಣ್ಣು ತುಂಬಿತು. ಅಷ್ಟರಲ್ಲಿ ಲೋಸಾ ಎದ್ದರು. ಗಂಡ ಹೋದ ಮೇಲೆ ಅವರು ಕುಣಿದಿರಲೇ ಇಲ್ಲವಂತೆ. ನನ್ನ ಕೈ ಹಿಡಿದು ನಡುವೆ ಎಳೆದುಕೊಂಡರು. ಹಾಡಿನ ವೇಗ ಏರಿದಂತೆ ಸೀರೆಯ ನೆರಿಗೆ ಒಂದು ಕಡೆ, ನಾನೊಂದು ಕಡೆ. ಹಾಗೆ ನಕ್ಕು ಎಷ್ಟು ವರ್ಷವಾಗಿತ್ತೋ.

ಆಮೇಲೆ ಪಕ್ಕದಲ್ಲಿ ಕೂತು, ನನ್ನ ಹರಕು ಟುವಾಲುವಿನಲ್ಲಿ ಕೇಳಿಯೇಬಿಟ್ಟೆ, ನಮ್ಮ ಹುಡುಗಿ ನಿಮಗೆ ಬೇಡವೇ ಎಂದು. ಅವರು ಬೆರಗಾದರು. ಬೇರೆ ದೇವರು, ಬೇರೆ ಊಟ ಎಂದು ನಾವೇ ಒಲ್ಲೆವೆನ್ನುತ್ತೇವೆ ಎಂಬ ಹೆದರಿಕೆಗೆ ಬಾಯಿ ಬಿಟ್ಟಿರಲಿಲ್ಲವಂತೆ. ನಾವೂ ಗಂಡಿನ ಕಡೆಯವರೇ ಮೊದಲು ಕೇಳಲಿ ಎಂದು ಕೂತಿದ್ದೆವಲ್ಲ, ಸರಿಹೋಯಿತು. ಅವರು ಒಪ್ಪಿದ್ದಾರೆ ಪುಟ್ಟಿ. ಒಂದೇ ಷರತ್ತು, ಮೊಮ್ಮಕ್ಕಳು ಟುವಾಲು ಮಾತಾಡಬೇಕು. ಕನ್ನಡವನ್ನೂ ಎಂದು ನಾನು ಸೇರಿಸಿದೆ.

ಮೈಕೈ ನೋವಿದ್ದರೂ ಬೆಳಗಿನಿಂದ ಹಾಡು ಗುನುಗುತ್ತಿರುವ,
ನಿನ್ನ ಅಮ್ಮ,
ಇಂದಿರಾ

ಮರೆತ ಮಾತು: ತರಗತಿಗೆ ಸೇರಿದ್ದು ಬರೀ ಪ್ರೀತಿಯಿಂದ ಎಂದು ಹಿಗ್ಗಬೇಡ. ನಾಳೆ ನಿನ್ನ ಅತ್ತೆ ಮನೆಯವರು ನಮ್ಮೆದುರೇ ನಮ್ಮನ್ನು ಆಡಿಕೊಂಡರೆ ನನಗೆ ತಿಳಿಯಬೇಕು, ಅದಕ್ಕೇ ಸೇರಿದ್ದು. ನಿನ್ನೆ ಹೊರಡುವಾಗ, ನನಗೆ ಅಷ್ಟೆಲ್ಲ ಅರ್ಥವಾಗದು ಎಂದುಕೊಂಡು ಲೋಸಾ ತಮ್ಮ ತಂಗಿಗೆ ನನ್ನ ಬಗ್ಗೆ ಏನೋ ಹೇಳಿದರು. ಪ್ರತಿ ಪದವೂ ತಿಳಿಯಿತು. ಈಕೆಗೆ ಕುಣಿಯಲು ಬರುವುದಿಲ್ಲ, ಆದರೂ ನಮ್ಮವಳೇ ಎಂದರು. ಕೇಳಿಸಿಕೊಂಡೆನೆಂದು ಸೆಮುವಿಗೆ ಹೇಳಬೇಡ.