ಕಲ್ಲು ಮುಗಿದ ಜಾಗ

ಸುಗಟೂರು
ಕಾರ್ತೀಕ ಮಾಸ, ೧೯೮೪

ಮಗಳೇ ಗಂಗರತ್ನ,

ಇಲ್ಲಿ ಎಲ್ಲರೂ ಕ್ಷೇಮ ಅಂತ ಮೊದಲ ಸಾಲು ಬರೆಯೋಕೆ ಹೋಗಿ ಪೆನ್ನು ನಿಲ್ಲಿಸಿದೆ. ಸುಳ್ಳು ಬರೆದು ಅಭ್ಯಾಸವಿಲ್ಲ. ನಿಮ್ಮಪ್ಪ ಆಂಜಿನಪ್ಪ ಚೆನ್ನಾಗಿದ್ದಾನೆ, ನಿಮ್ಮಮ್ಮ ಚೆನ್ನಾಗಿದ್ದಾಳೆ, ನಿನ್ನ ದೊಡ್ಡಮ್ಮ ಬೈಯೋಷ್ಟು ಗಟ್ಟಿಯಾಗಿದ್ದಾಳೆ. ನನ್ನ ವಿಷಯ ಕೆಳಗೆ ಬರೆದಿದ್ದೀನಿ. ಕಾಗದವನ್ನು ಹಾಸ್ಟೆಲ್ ಹುಡುಗಿಯರ ಮುಂದೆ ಓದಬೇಡ, ಒಬ್ಬಳೇ ಓದು.

ದಸರಾ ರಜಕ್ಕೆ ಬಂದವಳು ಮೈಸೂರಿಗೆ ಹೊರಡೋವಾಗ ನಿನ್ನ ತತ್ವಶಾಸ್ತ್ರದ ಕ್ಲಾಸಿನ ಒಂದು ಪುಸ್ತಕ ಕೈಗಿಟ್ಟು ಹೋದೆಯಲ್ಲ, ವಿದ್ಯಮಾನಶಾಸ್ತ್ರ ಅಂತ. ಆ ಹೆಸರು ಹೇಳಿ ಮುಗಿಸೋಷ್ಟರಲ್ಲಿ ನಮ್ಮೂರ ಬಸ್ಸು ಕೋಲಾರ ಸೇರಿರುತ್ತೆ. "ದೊಡ್ಡಪ್ಪ, ನಿಮಗೆ ಅರ್ಥವಾದ್ರೆ ಯಾರಿಗಾದ್ರೂ ಅರ್ಥವಾಗುತ್ತೆ" ಅಂದೆ. ಅದು ಹೊಗಳಿಕೆಯೋ ಬೈಗುಳವೋ ನನಗಿನ್ನೂ ತಿಳಿದಿಲ್ಲ. ನಾಲ್ಕನೇ ಕ್ಲಾಸಿಗೆ ಸ್ಲೇಟು ಎಸೆದು ಬಂದವನಿಗೆ ಇಂಥ ಪುಸ್ತಕ ಕೊಡೋಕೆ ನಿನಗೆ ಬುದ್ಧಿ ಬೇಡವೇನೇ? ಮೊದಲೆರಡು ಪುಟ ಓದಿ ಬರೆದವನನ್ನು ಬೈದು ಗೂಡಲ್ಲಿಟ್ಟೆ. ಮಾರನೇ ದಿನ ಮತ್ತೆ ತೆಗೆದೆ. ಅರ್ಥವಾಗದಿದ್ದರೆ ನನಗೆ ಸಿಟ್ಟು ಬರುತ್ತೆ, ಸಿಟ್ಟು ಬಂದರೆ ಬಿಡೋಕಾಗಲ್ಲ.

ಆಗ ರೇಷ್ಮೆ ಹುಳ ಹಣ್ಣಾಗಿ ಗೂಡು ಕಟ್ಟೋಕೆ ಬಂದಿತ್ತು. ಮನೆಮಂದಿಯೆಲ್ಲ ಹುಳ ಆಯ್ದು ಬಿದಿರಿನ ಚಂದ್ರಿಕೆಗೆ ಬಿಡ್ತಿದ್ದೆವು. ನಾನು ಎಡಗೈಲಿ ಹುಳ ತುಂಬಿಕೊಂಡು ಬಲಗೈಲಿ ಒಂದೊಂದೇ ಬಿಡೋನು. ನಿನ್ನ ದೊಡ್ಡಮ್ಮ ಹಿಂದೆ ನಿಂತು, "ಏನ್ರೀ, ಹುಳ ಬಿಡ್ತಿದ್ದೀರೋ ಚಟ್ನಿ ಅರೀತಿದ್ದೀರೋ?" ಅಂದಳು. ನೋಡಿದರೆ ಎಡ ಅಂಗೈಯ ಅಂಚಿಗೆ ಸಿಕ್ಕ ಹುಳಗಳೆಲ್ಲ ಬಿದಿರಿಗೆ ಒತ್ತಿ ಅಪ್ಪಚ್ಚಿಯಾಗಿದ್ದವು. ನನಗೆ ಗೊತ್ತೇ ಆಗಿರಲಿಲ್ಲ. ಈ ಸಲದ ಹುಳವೇ ಮೆತ್ತಗೆ, ಮೊಟ್ಟೆ ಕೊಟ್ಟವನು ಮೋಸ ಮಾಡಿದ ಅಂತ ಕೂಗಾಡಿ ಹೊರಗೆ ಬಂದೆ.

ಆಮೇಲೆ ಪುಸ್ತಕದಲ್ಲಿ ಆ ಜಾಗ ಬಂತು. ಎದುರಿಗಿರೋ ಒಂದು ವಸ್ತುವನ್ನು ತಗೋ, ಅದರ ಹೆಸರು, ಉಪಯೋಗ, ನೀನು ಕೇಳಿ ತಿಳಿದದ್ದು ಎಲ್ಲ ಪಕ್ಕಕ್ಕಿಡು, ಅದು ನಿನ್ನ ಅನುಭವಕ್ಕೆ ಹೇಗೆ ಬರುತ್ತೋ ಅಷ್ಟನ್ನು ಮಾತ್ರ ಹೇಳು ಅಂತ. ಇದೆಂಥ ದೊಡ್ಡ ವಿದ್ಯೆ ಅನ್ನಿಸಿತು. ನಿನಗೆ ಖಾರವಾಗಿ ಒಂದು ಕಾಗದ ಬರೆಯೋಣ, ಕಲ್ಲು ಮುಟ್ಟಿದೆ, ತಣ್ಣಗಿತ್ತು, ಇಷ್ಟಕ್ಕೆ ಎಂ.ಎ. ಓದಬೇಕೇನೇ ಅಂತ ಕೇಳೋಣ ಅಂದುಕೊಂಡು ಬೆಳಿಗ್ಗೆ ಜಗಲಿಯ ಚಪ್ಪಡಿ ಮೇಲೆ ಎರಡೂ ಕೈ ಊರಿ ಕೂತೆ.

ಬಲಗೈಗೆ ಕಲ್ಲು ತಣ್ಣಗಿತ್ತು, ತರಿತರಿಯಾಗಿತ್ತು. ಎಡಗೈಗೂ ತಣ್ಣಗಿತ್ತು, ಆದರೆ ಕಿರುಬೆರಳಿನ ಬುಡದ ತನಕ ಮಾತ್ರ. ಅಲ್ಲಿಂದ ಮಣಿಕಟ್ಟಿನ ಕಡೆಗೆ ಕಲ್ಲು ಇರಲಿಲ್ಲ ಕಣೇ. ಕಣ್ಣಿಗೆ ಕಾಣ್ತಿದೆ, ಕೈಗಿಲ್ಲ. ಅಲ್ಲಿಗೆ ಕಲ್ಲು ಮುಗಿದೇ ಹೋದ ಹಾಗೆ. ಉಜ್ಜಿದೆ, ಬಿಸಿನೀರಿಗಿಟ್ಟೆ, ಗೋಣಿ ಹೊಲಿಯೋ ದಬ್ಬಳದಲ್ಲಿ ಚುಚ್ಚಿದೆ. ರಕ್ತ ಬಂತು, ನೋವು ಬರಲಿಲ್ಲ. ಅಲ್ಲಿ ಚರ್ಮ ಸ್ವಲ್ಪ ಬಿಳಿಚಿಕೊಂಡಿತ್ತು. ಹುಳದ ತಟ್ಟೆಗೆ ಸುಣ್ಣ ಎರಚ್ತೀವಲ್ಲ, ಅದು ತಿಂದಿರಬೇಕು ಅಂತ ಇಷ್ಟು ದಿನ ಸುಮ್ಮನಿದ್ದೆ.

ಇನ್ನು ಸುತ್ತಿ ಬಳಸಿ ಹೇಳಲ್ಲ. ದೊಡ್ಡ ರೋಗ ಇರಬಹುದು. ಕುಷ್ಠ. ಬರೆದೆ ನೋಡು.

ಕೆರೆ ಕಡೆಯ ಮನೆಯ ಮುನಿಯಲ್ಲಪ್ಪ ನಿನಗೆ ನೆನಪಿರಬೇಕು. ಅವನಿಗೂ ಒಂದು ಮಚ್ಚೆಯಿಂದಲೇ ಶುರುವಾಯ್ತು. ಅವನು ಬಾಯಿ ತೆರೆದರೆ ಹುಳದ ಮನೆಯೆಲ್ಲ ನಗ್ತಿತ್ತು. ಆ ಹೆಸರು ಬಿದ್ದ ಮೇಲೆ ಅವನ ಮಾತಿಗೆ ಒಬ್ಬರೂ ನಗಲಿಲ್ಲ. ಹೋಟೆಲಿನಲ್ಲಿ ಅವನಿಗೆ ತೆಂಗಿನ ಚಿಪ್ಪಿನಲ್ಲಿ ಟೀ ಕೊಟ್ಟರು. ಬಸ್ ನಿಲ್ಲೋ ಕಡೆಯ ಗೋಡೆ ಮೇಲೆ, ಕುಷ್ಠ ಗುಣವಾಗುವ ಕಾಯಿಲೆ ಅಂತ ಸರ್ಕಾರದವರು ನೀಲಿ ಅಕ್ಷರದಲ್ಲಿ ಬರೆಸಿದ್ದಾರೆ. ಅದಕ್ಕೆ ಬೆನ್ನು ಕೊಟ್ಟು ನಿಂತು ಬಸ್ಸು ಕಾಯ್ತೀವಿ. ಯಾರೂ ತಿರುಗಿ ಓದಲ್ಲ.

ನಿನ್ನ ಪುಸ್ತಕದವನು ಕುರ್ಚಿಯ ಹೆಸರನ್ನು ಪಕ್ಕಕ್ಕಿಟ್ಟ, ಮರದ ಹೆಸರನ್ನು ಪಕ್ಕಕ್ಕಿಟ್ಟ. ಸುಲಭ. ಇದರ ಹೆಸರನ್ನು ಪಕ್ಕಕ್ಕಿಟ್ಟರೆ ಎದ್ದು ಬಂದು ಮಡಿಲಲ್ಲಿ ಕೂರುತ್ತೆ. ಅದಕ್ಕೇನು ಮಾಡಬೇಕು ಅಂತ ಯಾವ ಪುಟದಲ್ಲಿ ಬರೆದಿದ್ದಾನೆ? ಹುಡುಕಿದೆ, ಸಿಗಲಿಲ್ಲ. ಆದರೂ ಕೆಲವು ಹೊತ್ತು ಅವನು ಹೇಳಿದ ಹಾಗೆ ಕೂತು ನೋಡ್ತೀನಿ. ರೋಗ ಅನ್ನಬೇಡ, ಪಾಪ ಅನ್ನಬೇಡ, ಮುನಿಯಲ್ಲಪ್ಪನನ್ನು ನೆನೆಯಬೇಡ, ಬರೀ ಕೈ ನೋಡು ಅಂತ ನನಗೇ ಹೇಳಿಕೊಳ್ತೀನಿ. ಆಗ ಅಲ್ಲಿರೋದು ಎರಡು ಬೆರಳಗಲದ ಒಂದು ಸುಮ್ಮನಿರುವಿಕೆ, ಅಷ್ಟೇ. ಉಸಿರು ಸ್ವಲ್ಪ ಕೆಳಗಿಳಿಯುತ್ತೆ. ಅಷ್ಟರಲ್ಲಿ ನಿನ್ನ ದೊಡ್ಡಮ್ಮ ಅಡುಗೆ ಮನೆಯಿಂದ ಕೂಗಿದರೆ ಮತ್ತೆ ಎದೆ ಹೊಡೆದುಕೊಳ್ಳುತ್ತೆ. ಲೋಟ ಬೇರೆ ಇಟ್ಟುಕೊಂಡಿದ್ದೀನಿ. ಹುಳದ ಮನೆಗೆ ಹೋಗಲ್ಲ, ಮಂಡಿನೋವು ಅಂದಿದ್ದೀನಿ. ಸುಳ್ಳು ಬರೆಯೋ ಅಭ್ಯಾಸ ಇಲ್ಲ ಅಂದೆನಲ್ಲ, ಹೇಳೋ ಅಭ್ಯಾಸ ಈ ವಾರ ಆಯ್ತು.

ನನ್ನ ಕೈ ಹೋದರೆ ಹೋಗಲಿ. ನಿದ್ದೆ ಕೆಡಿಸಿರೋದು ನಿನ್ನ ವಿಷಯ. ನೀನು ಮುಂದಿನ ರಜಕ್ಕೆ ಬಂದಾಗ ಆವನಿಯ ಗಂಡಿನ ಕಡೆಯವರು ನಿನ್ನನ್ನು ನೋಡೋಕೆ ಬರ್ತಾರೆ. ಮದುವೆಯಾದ ಮೇಲೂ ಓದಲಿ ಅಂದ ಹುಡುಗ ಅವನೊಬ್ಬನೇ, ನೀನೂ ತಲೆ ಬಗ್ಗಿಸಿ ಹೂಂ ಅಂದೆ. ನಾನು ಆಸ್ಪತ್ರೆ ಮೆಟ್ಟಿಲು ಹತ್ತಿದ್ದನ್ನು ಒಬ್ಬ ನೋಡಿದರೂ ಸುದ್ದಿ ನನಗಿಂತ ಮುಂಚೆ ಆವನಿ ಸೇರುತ್ತೆ. ಆ ಮನೆಯ ಹೆಣ್ಣು ಬೇಡ ಅಂತಾರೆ. ಹೋಗದೆ ಮದುವೆ ಮುಗಿಯೋವರೆಗೂ ಕೈ ಮುಚ್ಚಿಟ್ಟುಕೊಂಡಿರಲೇ ಅಂತ ಯೋಚಿಸಿದೆ. ಅಷ್ಟರಲ್ಲಿ ಬೆರಳು ಮಡಚಿಕೊಂಡರೆ? ನಿಮ್ಮಮ್ಮನಿಗೋ ದೊಡ್ಡಮ್ಮನಿಗೋ ಅಂಟಿದರೆ? ಯಾವ ಕಡೆ ಹೊರಳಿದರೂ ಚುಚ್ಚುತ್ತೆ, ಚುಚ್ಚಬೇಕಾದ ಕಡೆ ಮಾತ್ರ ಚುಚ್ಚಲ್ಲ.

ಗುರುವಾರ ಕೋಲಾರದಲ್ಲಿ ಚರ್ಮದ ಡಾಕ್ಟರು ಕೂರ್ತಾರಂತೆ. ಮೊದಲ ಬಸ್ಸಿಗೆ ಹೋಗ್ತೀನಿ. ಇದರಲ್ಲಿ ನಿನ್ನ ಅಪ್ಪಣೆ ಕೇಳ್ತಿಲ್ಲ. ಆದರೆ ನಷ್ಟವಾಗೋದಿದ್ದರೆ ನಿನಗೆ, ಹಾಗಾಗಿ ನಿಮ್ಮಪ್ಪನಿಗೂ ಹೇಳದೆ ಮೊದಲು ನಿನಗೆ ಹೇಳಿದ್ದೀನಿ. ಆವನಿಯ ಹುಡುಗನಿಗೆ ಹೇಳೋದು ಬಿಡೋದು ನೀನು ಯೋಚಿಸು. ಡಾಕ್ಟರು ಏನೂ ಇಲ್ಲ ಅಂದರೆ ಈ ಕಾಗದ ಒಲೆಗೆ ಹಾಕು, ನನ್ನನ್ನು ಹೆದರುಪುಕ್ಕಲ ಅಂತ ಆಡಿಕೊಂಡು ನಗು. ಇದೆ ಅಂದರೆ ಮಾತ್ರೆ ನುಂಗ್ತೀನಿ, ಬಸ್ಸು ಕಾಯೋವಾಗ ಆ ನೀಲಿ ಅಕ್ಷರದ ಗೋಡೆ ಕಡೆ ಮುಖ ಮಾಡಿ ನಿಲ್ತೀನಿ.

ಪುಸ್ತಕ ಅರ್ಥವಾಯ್ತೇ ಅಂತ ಕೇಳಿದ್ದೆಯಲ್ಲ. ಒಂದೇ ಪುಟ ಅರ್ಥವಾಗಿದೆ. ಅರ್ಥವಾಗದೇ ಇದ್ದಿದ್ದರೆ ಚೆನ್ನಾಗಿತ್ತು ಅಂತ ದಿನಾ ಅಂದುಕೊಳ್ತೀನಿ. ಆಗ ಇನ್ನೆಷ್ಟು ಹುಳ ಅರೀತಿದ್ದೆನೋ.

ನೀನು ಬಸ್ಸು ಹತ್ತೋವಾಗೆಲ್ಲ ಎರಡೂ ಕೈ ತಲೆ ಮೇಲಿಟ್ಟು ಹರಸ್ತಿದ್ದೆ, ಬಾಚಿದ ಕೂದಲು ಕೆಡ್ತು ಅಂತ ನೀನು ಮುಖ ಊದಿಸ್ತಿದ್ದೆ. ಇವತ್ತು ಬಲಗೈ ಒಂದನ್ನೇ ಇಡ್ತೀನಿ. ಓದು ನಿಲ್ಲದಿರಲಿ, ಚೆನ್ನಾಗಿ ಬಾಳು. ಎಡಗೈ ಈಗ ಕಾಗದ ಹಾರದ ಹಾಗೆ ಒತ್ತಿ ಹಿಡಿದಿದೆ, ಅರ್ಧಕ್ಕೆ ಕಾಗದ ಇದೆ, ಅರ್ಧಕ್ಕಿಲ್ಲ. ಅದರ ಆಶೀರ್ವಾದವನ್ನು ಇಲ್ಲೇ ಇಟ್ಟುಕೊಂಡಿದ್ದೀನಿ. ಬೇಕಾದರೆ ನೀನೇ ಬಂದು ತಲೆ ಬಗ್ಗಿಸಬೇಕು.

ನಿನ್ನ ದೊಡ್ಡಪ್ಪ,
ಸೊಣ್ಣಪ್ಪ